ಸ್ಟೇಷನ್ನಿನ ಕರೆ ಬೇರೆ, ಕೋರ್ಟಿನ ಸಮನ್ಸ್ ಬೇರೆ

ಓದುಗರ ಪ್ರಶ್ನೆ:

ನಾನು ಮುಂಬೈನ ಅಂಧೇರಿ ಪೂರ್ವದ ಒಂದು ಹೋಟೆಲಿನಲ್ಲಿ ಕ್ಯಾಶಿಯರ್. ಊರು ಕುಂದಾಪುರದ ಕಡೆ. 2024ರ ಡಿಸೆಂಬರಿನಲ್ಲಿ ಬಿಲ್ಲಿನ ವಿಷಯಕ್ಕೆ ಜಗಳ ತೆಗೆದ ಇಬ್ಬರು ಗಿರಾಕಿಗಳು ನಮ್ಮ ವೇಟರ್ ಹುಡುಗನಿಗೆ ಬಾಟಲಿಯಿಂದ ಹೊಡೆದರು. ನಾನು ಕೌಂಟರಿನಲ್ಲಿದ್ದೆ, ಕಣ್ಣಾರೆ ನೋಡಿದ್ದೇನೆ. ಅವತ್ತೇ ಪೊಲೀಸರು ಜಬಾಬ್ (ಹೇಳಿಕೆ) ಬರೆದುಕೊಂಡರು, ಸಿಸಿಟಿವಿಯ ದೃಶ್ಯ ದಾಖಲಿಸುವ ಡಿವಿಆರ್ ಪೆಟ್ಟಿಗೆ ಒಯ್ದರು. ಆಮೇಲೆ ವಾರಕ್ಕೆರಡು ಸಲ ವಾಟ್ಸಾಪ್‌ನಲ್ಲಿ 'ಸ್ಟೇಷನ್‌ಗೆ ಬಾ' ಅಂತ ಮೆಸೇಜ್. ಹೋದರೆ ರಾತ್ರಿಯವರೆಗೆ ಬೆಂಚಿನ ಮೇಲೆ ಕೂರಿಸಿ, 'ಸಾಹೇಬರಿಲ್ಲ, ನಾಳೆ ಬಾ' ಅನ್ನುತ್ತಾರೆ. ಮಹಡಿ ಮೇಲಿನ ಮನೆಯ ಕಿಟಕಿಯಿಂದ ಗಲಾಟೆ ನೋಡಿದ್ದಳು ಅಂತ ನನ್ನ ಹೆಂಡತಿಯನ್ನೂ ಸಂಜೆ ಹೊತ್ತು ಕರೆಸಿದರು. 62 ವರ್ಷದ ಮಾಲೀಕರನ್ನೂ ಬಿಡಲಿಲ್ಲ. ಆರೋಪಿಗಳ ಕಡೆಯ ಹುಡುಗರು ಆಗಾಗ ಬಂದು ಕೌಂಟರಿನ ಎದುರಿನ ಟೇಬಲ್ಲಿನಲ್ಲೇ ಚಹಾ ಕುಡಿದು, ನನ್ನ ಮುಖ ನೋಡಿ ಹೋಗುತ್ತಾರೆ. ಈಗ ಕೋರ್ಟಿನಿಂದ ಸಾಕ್ಷಿ ಸಮನ್ಸ್ ಬಂದಿದೆ. ಪೆಟ್ಟು ತಿಂದ ಹುಡುಗ ಕೆಲಸ ಬಿಟ್ಟು ಊರಿಗೆ ಹೋಗಿದ್ದಾನೆ. 'ಅವನನ್ನು ಕರೆಸು, ಇಲ್ಲದಿದ್ದರೆ ನಿನ್ನ ಮೇಲೆ ವಾರಂಟ್ ಬರುತ್ತದೆ' ಅಂತ ಕಾನ್‌ಸ್ಟೇಬಲ್ ಹೇಳುತ್ತಾರೆ. ನನಗೆ ಸಾಕಾಗಿಹೋಗಿದೆ. ಕೋರ್ಟಿಗೆ ಹೋಗದೇ ಇದ್ದರೆ ಏನಾಗುತ್ತದೆ? ಈ ಕಿರುಕುಳಕ್ಕೆ ದೂರು ಕೊಡುವುದಾದರೆ ಎಲ್ಲಿ ಕೊಡಬೇಕು?

ಉತ್ತರ:

ಮೊದಲು ಅರ್ಜೆಂಟ್ ವಿಷಯ. ಸಮನ್ಸ್‌ನಲ್ಲಿ ಬರೆದ ತಾರೀಖಿಗೆ ಕೋರ್ಟಿಗೆ ಹೋಗಿ. ಪೊಲೀಸರ ಮೇಲಿನ ಸಿಟ್ಟನ್ನು ಕೋರ್ಟಿನ ಮೇಲೆ ತೀರಿಸಿಕೊಳ್ಳಬೇಡಿ. ಮುಂಬೈಯಲ್ಲಿ ನಮ್ಮ ಹೋಟೆಲಿನವರು ಮಾಡಿಕೊಳ್ಳುವ ಎಡವಟ್ಟು ಹೆಚ್ಚಾಗಿ ಇದೇ. ಸ್ಟೇಷನ್ನಿನಿಂದ ಫೋನ್ ಬಂದರೆ ಕೈಯಲ್ಲಿದ್ದ ಕೆಲಸ ಬಿಟ್ಟು ಓಡುತ್ತಾರೆ. ಕೋರ್ಟಿನ ಸಮನ್ಸ್ ಬಂದರೆ ಗಲ್ಲಾಪೆಟ್ಟಿಗೆಯ ಅಡಿಗೆ ತಳ್ಳಿ ಮರೆತುಬಿಡುತ್ತಾರೆ. ಆಗಬೇಕಾದದ್ದು ಉಲ್ಟಾ. ಸ್ಟೇಷನ್ನಿನ ಕರೆಗೆ 'ಕಾಗದ ಎಲ್ಲಿ' ಅಂತ ಕೇಳುವ ಹಕ್ಕು ನಿಮಗಿದೆ. ಕೋರ್ಟಿನ ಕಾಗದವನ್ನು ಕಡೆಗಣಿಸಿದರೆ ಅದರ ಬೆನ್ನಿಗೇ ವಾರಂಟ್ ಬರುತ್ತದೆ.

ಈಗ ಸ್ಟೇಷನ್ನಿನ ಕರೆಯ ವಿಷಯ. ನಿಮ್ಮ ಪ್ರಕರಣ 2024ರ ಜುಲೈ 1ರ ನಂತರದ್ದು. ಹಾಗಾಗಿ ಹಳೆಯ ದಂಡ ಪ್ರಕ್ರಿಯಾ ಸಂಹಿತೆ (ಸಿಆರ್‌ಪಿಸಿ) ಅಲ್ಲ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಅಂದರೆ ಬಿಎನ್‌ಎಸ್‌ಎಸ್ ಅನ್ವಯಿಸುತ್ತದೆ. ಅದರ 179ನೇ ಸೆಕ್ಷನ್ ಪ್ರಕಾರ ಘಟನೆಯ ಬಗ್ಗೆ ಗೊತ್ತಿರುವವರನ್ನು ತನಿಖಾಧಿಕಾರಿ ಕರೆಸಬಹುದು. ಆದರೆ ಲಿಖಿತ ಆದೇಶ ಕೊಟ್ಟು ಕರೆಸಬೇಕು. ಕರೆಸಿಕೊಳ್ಳುವವರು ಅವರ ಠಾಣೆಯ ಅಥವಾ ಪಕ್ಕದ ಠಾಣೆಯ ವ್ಯಾಪ್ತಿಯಲ್ಲಿ ಇರಬೇಕು. ಹಳೆಯ ಕಾನೂನಿನ 160ನೇ ಸೆಕ್ಷನ್ನಿನಲ್ಲೂ ಇದೇ ಇತ್ತು.

ವಾಟ್ಸಾಪ್ ಮೆಸೇಜ್ ಲಿಖಿತ ಆದೇಶ ಆಗುತ್ತದೆಯೇ? ಇಲ್ಲ. 2025ರ ಜನವರಿ 21ರಂದು ಸತೇಂದರ್ ಕುಮಾರ್ ಅಂತಿಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ. ಪೊಲೀಸರ ಇಂಥ ನೋಟಿಸುಗಳನ್ನು ಕಾನೂನು ಹೇಳಿದ ರೀತಿಯಲ್ಲೇ ತಲುಪಿಸಬೇಕು, ವಾಟ್ಸಾಪ್‌ನಲ್ಲಿ ಕಳಿಸಿದರೆ ಸಾಲದು ಅಂತ. ಆರೋಪಿಗೆ ಕೊಡುವ ಹಾಜರಾತಿ ನೋಟಿಸಿನ ಜೊತೆ ಸಾಕ್ಷಿಗೆ ಕೊಡುವ 179ರ ನೋಟಿಸನ್ನೂ ಕೋರ್ಟ್ ಸೇರಿಸಿದೆ. ತಮಾಷೆ ಏನೆಂದರೆ, ಕೋರ್ಟಿನ ಸಮನ್ಸ್ ಮಾತ್ರ ಹೊಸ ಕಾನೂನಿನಲ್ಲಿ ಎಲೆಕ್ಟ್ರಾನಿಕ್ ರೂಪದಲ್ಲೂ ಬರಬಹುದು. ಕೋರ್ಟಿನ ಮೊಹರು ಅಥವಾ ಡಿಜಿಟಲ್ ಸಹಿ ಇರುವ ಸಮನ್ಸ್ ಮೊಬೈಲಿಗೆ ಬಂದರೆ 'ವಾಟ್ಸಾಪ್ ತಾನೇ' ಅಂತ ಅಳಿಸಬೇಡಿ. ಅಸಲಿಯೋ ನಕಲಿಯೋ ಅನುಮಾನ ಬಂದರೆ ಅದರಲ್ಲಿರುವ ಕೇಸ್ ನಂಬರ್ ಅಥವಾ ಸಿಎನ್‌ಆರ್ ನಂಬರನ್ನು (ಪ್ರತಿ ಕೇಸಿಗೂ ಕೊಡುವ ವಿಶಿಷ್ಟ ಸಂಖ್ಯೆ) ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಹಾಕಿ ನೋಡಿ. ಕೋರ್ಟು, ತಾರೀಖು ಎಲ್ಲ ಅಲ್ಲಿ ಕಾಣುತ್ತದೆ. 'ಡಿಜಿಟಲ್ ಅರೆಸ್ಟ್' ಅಂತ ಹೆದರಿಸಿ ದುಡ್ಡು ಕೀಳುವವರ ಕಾಲದಲ್ಲಿ ಈ ಒಂದು ಅಭ್ಯಾಸ ಒಳ್ಳೆಯದು.

ನಿಮ್ಮ ಹೆಂಡತಿಯ ವಿಷಯ ಇನ್ನೂ ಗಂಭೀರ. ಅದೇ 179ನೇ ಸೆಕ್ಷನ್ ಹೇಳುವಂತೆ ಯಾವ ಹೆಂಗಸನ್ನೂ ಆಕೆ ವಾಸವಿರುವ ಜಾಗ ಬಿಟ್ಟು ಬೇರೆ ಕಡೆ ಬರುವಂತೆ ಪೊಲೀಸರು ಹೇಳುವಂತಿಲ್ಲ. 15 ವರ್ಷದೊಳಗಿನ ಹುಡುಗರು, 60 ದಾಟಿದ ಗಂಡಸರು, ಅಂಗವಿಕಲರು, ತೀವ್ರ ಕಾಯಿಲೆಯಿಂದ ಬಳಲುವವರು, ಇವರಿಗೂ ಅದೇ ರಕ್ಷಣೆ. ಹಳೆಯ ಕಾನೂನಿನಲ್ಲಿ ವಯಸ್ಸಿನ ಗಡಿ 65 ಇತ್ತು, ಹೊಸದರಲ್ಲಿ 60ಕ್ಕೆ ಇಳಿದಿದೆ. ಅಂದರೆ ನಿಮ್ಮ ಮಾಲೀಕರೂ ಈ ಪಟ್ಟಿಯಲ್ಲಿ ಬಂದರು. ಇವರ ಜಬಾಬ್ ಬೇಕಿದ್ದರೆ ಪೊಲೀಸರೇ ಮನೆಗೆ ಬರಬೇಕು. ಒಡಿಶಾದ ಮುಖ್ಯಮಂತ್ರಿಯಾಗಿದ್ದ ನಂದಿನಿ ಸತ್ಪತಿ ಅವರನ್ನು ಠಾಣೆಗೆ ಕರೆಸಿದ್ದಕ್ಕೆ ಸುಪ್ರೀಂ ಕೋರ್ಟ್ 1978ರಲ್ಲೇ ಪೊಲೀಸರನ್ನು ತರಾಟೆಗೆ ತೆಗೆದುಕೊಂಡಿತ್ತು. ಇಷ್ಟು ವರ್ಷವಾದರೂ ಸಂಜೆ ಏಳಕ್ಕೆ ಹೆಂಗಸರನ್ನು ಸ್ಟೇಷನ್ನಿಗೆ ಕರೆಯುವ ಚಾಳಿ ಹೋಗಿಲ್ಲ.

ಇದನ್ನು ಮುರಿದರೆ ಬರೀ ಇಲಾಖೆಯ ತಪ್ಪಲ್ಲ, ಅಪರಾಧ. ಹಾಗೆ ಕರೆಸಬಾರದು ಅಂತ ಕಾನೂನು ಹೇಳಿದ್ದು ಗೊತ್ತಿದ್ದೂ ತನಿಖೆಯ ನೆಪದಲ್ಲಿ ಕರೆಸಿದ ಸರ್ಕಾರಿ ನೌಕರನಿಗೆ, ಹಳೆಯ ಐಪಿಸಿ ಜಾಗಕ್ಕೆ ಬಂದ ಭಾರತೀಯ ನ್ಯಾಯ ಸಂಹಿತೆಯ 199ನೇ ಸೆಕ್ಷನ್ನಿನಲ್ಲಿ ಕನಿಷ್ಠ 6 ತಿಂಗಳಿಂದ 2 ವರ್ಷದವರೆಗೆ ಕಠಿಣ ಸಜೆ ಮತ್ತು ದಂಡ ಇದೆ. ಪೊಲೀಸರ ಮೇಲೆ ಕೇಸು ನಡೆಸಲು ಎಷ್ಟೋ ಸಲ ಸರ್ಕಾರದ ಪೂರ್ವಾನುಮತಿ ಬೇಕಾಗುತ್ತದೆ. ಈ ಸೆಕ್ಷನ್ನಿಗೆ ಅದೂ ಬೇಡ.

ಆದರೆ ಇಲ್ಲೊಂದು ಕಿಂಡಿ ಇದೆ. ಮನೆಯಲ್ಲೇ ಹೇಳಿಕೆ ಕೊಡುವ ಹಕ್ಕಿರುವವರು ತಾವಾಗಿ ಒಪ್ಪಿ ಠಾಣೆಗೆ ಬಂದರೆ ಬರಲು ಬಿಡಬಹುದು ಅಂತ ಹೊಸ ಕಾನೂನು ಸೇರಿಸಿದೆ. ನಾಳೆ ದೂರು ಹೋದರೆ ಪೊಲೀಸರ ಮೊದಲ ಉತ್ತರ ಏನಿರುತ್ತದೆ ಹೇಳಿ? 'ಅವರೇ ಖುಷಿಯಿಂದ ಬಂದರು.' ಅದಕ್ಕೇ ಮುಂದಿನ ಸಲ ಕರೆ ಬಂದಾಗ ಫೋನಿನಲ್ಲಿ ವಾದ ಮಾಡಬೇಡಿ. ಅದೇ ವಾಟ್ಸಾಪ್‌ನಲ್ಲಿ ಹಿಂದಿಯಲ್ಲೋ ಮರಾಠಿಯಲ್ಲೋ ಎರಡು ಸಾಲು ಬರೆಯಿರಿ: 'ನನ್ನ ಹೆಂಡತಿಗೆ ಠಾಣೆಗೆ ಬರಲು ಒಪ್ಪಿಗೆ ಇಲ್ಲ. ಹೇಳಿಕೆ ಕೊಡಲು ಸಿದ್ಧಳಿದ್ದಾಳೆ, ದಯವಿಟ್ಟು ಮನೆಗೆ ಬಂದು ಬರೆದುಕೊಳ್ಳಿ.' ನಿಮ್ಮ ಮಟ್ಟಿಗೆ: 'ಇಂಥ ದಿನ ಹೇಳಿಕೆ ಕೊಟ್ಟಿದ್ದೇನೆ. ಮತ್ತೆ ಬರಬೇಕಿದ್ದರೆ ಲಿಖಿತ ನೋಟಿಸ್ ಕೊಡಿ, ಅದರಲ್ಲಿ ಹೇಳಿದ ಹೊತ್ತಿಗೆ ಬರುತ್ತೇನೆ.' ಇಷ್ಟೇ. ಬರುವುದಿಲ್ಲ ಅಂತ ಎಲ್ಲೂ ಬರೆಯಬೇಡಿ. ಸಹಕಾರ ಕೊಡುವ ಸಾಕ್ಷಿ ನೀವು ಅನ್ನುವುದು ಪ್ರತಿ ಸಾಲಿನಲ್ಲೂ ಕಾಣಬೇಕು.

'ಬರದಿದ್ದರೆ ಎತ್ತಿಹಾಕಿಕೊಂಡು ಹೋಗುತ್ತೇವೆ' ಅನ್ನುವ ಮಾತು ಬಂದರೂ ಗಾಬರಿ ಬೇಡ. ಸಾಕ್ಷಿ ಠಾಣೆಗೆ ಬರಲಿಲ್ಲ ಅನ್ನುವ ಒಂದೇ ಕಾರಣಕ್ಕೆ ಅವನನ್ನು ಹಿಡಿದು ತರುವ ಅಧಿಕಾರ ಪೊಲೀಸರಿಗಿಲ್ಲ. ಸರಿಯಾದ ಲಿಖಿತ ಆದೇಶ ಕೊಟ್ಟ ಮೇಲೂ ಬರದಿದ್ದರೆ ಅದು ಬೇರೆ ಅಪರಾಧ, ಅದಕ್ಕೂ ಅವರು ಕೋರ್ಟಿನ ದಾರಿಯನ್ನೇ ಹಿಡಿಯಬೇಕು. ಇನ್ನೊಂದು ವಿಷಯ: ತನಿಖೆಯಲ್ಲಿ ಪೊಲೀಸರು ಬರೆದುಕೊಂಡ ಜಬಾಬ್‌ಗೆ ಸಾಕ್ಷಿ ಸಹಿ ಹಾಕಬೇಕಿಲ್ಲ. ಸಹಿ ಮಾಡಿಸುವಂತಿಲ್ಲ ಅಂತಲೇ 181ನೇ ಸೆಕ್ಷನ್ ಹೇಳುತ್ತದೆ. ಖಾಲಿ ಹಾಳೆಗೆ ಸಹಿ ಕೇಳಿದರಂತೂ ಮಾತೇ ಇಲ್ಲ, ಕೊಡಬೇಡಿ. ಪಂಚನಾಮೆಗೆ ಪಂಚನಾಗಿ ಹಾಕುವ ಸಹಿ, ಡಿವಿಆರ್ ವಶಕ್ಕೆ ಕೊಟ್ಟಾಗಿನ ಸಹಿ ಬೇರೆ. ಅವು ಸರಿ. ಡಿವಿಆರ್‌ ವಶಕ್ಕೆ ಪಡೆದ ಪಟ್ಟಿಯ ಪ್ರತಿ ನಿಮ್ಮ ಬಳಿ ಇದೆಯಾ ನೋಡಿಕೊಳ್ಳಿ. ಎಲೆಕ್ಟ್ರಾನಿಕ್ ಸಾಕ್ಷ್ಯಕ್ಕೆ ಒಂದು ಪ್ರಮಾಣಪತ್ರ ಬೇಕಾಗುತ್ತದೆ. ಯಂತ್ರ ನೋಡಿಕೊಳ್ಳುತ್ತಿದ್ದವರು ನೀವೇ ಆದರೆ ಅದಕ್ಕೆ ನಿಮ್ಮ ಸಹಿ ಕೇಳಬಹುದು. ಓದಿ ಸಹಿ ಹಾಕಿ, ಅದರ ಬಗ್ಗೆಯೂ ಕೋರ್ಟಿನಲ್ಲಿ ಪ್ರಶ್ನೆ ಬರುತ್ತದೆ.

ನಿಮ್ಮ ಪತ್ರದಲ್ಲಿ ನೀವು ಗಮನಿಸದ ಒಂದು ಸಂಗತಿ ಇದೆ. ಕೋರ್ಟಿನಿಂದ ಸಾಕ್ಷಿ ಸಮನ್ಸ್ ಬಂದಿದೆ ಅಂದರೆ ಚಾರ್ಜ್‌ಶೀಟ್ ಹೋಗಿ ವಿಚಾರಣೆ ಶುರುವಾಗಿದೆ ಅಂತ ಅರ್ಥ. ವಿಚಾರಣೆ ನಡೆಯುವಾಗ ಮತ್ತೆ ತನಿಖೆ ಮಾಡಬೇಕಿದ್ದರೆ ಪೊಲೀಸರು ಆ ಕೋರ್ಟಿನ ಅನುಮತಿ ಪಡೆಯಬೇಕು. ಹಾಗಾಗಿ ಇನ್ನು ಮುಂದೆ 'ಜಬಾಬ್ ಬಾಕಿ ಇದೆ, ಬಾ' ಅಂತ ಕರೆದರೆ, 'ಕೋರ್ಟಿನ ಅನುಮತಿ ಆಗಿದೆಯಾ ಸಾಹೇಬ್' ಅಂತ ಮರ್ಯಾದೆಯಿಂದ ಕೇಳಿ. ಆ ಪ್ರಶ್ನೆ ಕೇಳಿದ ಮೇಲೆ ಅರ್ಧ ಕರೆಗಳು ತಾವಾಗಿ ನಿಲ್ಲುತ್ತವೆ.

ಇನ್ನು ದೂರು. ಎಲ್ಲಕ್ಕಿಂತ ಮೊದಲು ಠಾಣೆಯ ಸಿಸಿಟಿವಿ ನೆನಪಿಗೆ ಬರಬೇಕು. 2020ರ ಡಿಸೆಂಬರಿನಲ್ಲಿ ಪರಮ್‌ವೀರ್ ಸಿಂಗ್ ಸೈನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಪ್ರತಿ ಠಾಣೆಯ ಬಾಗಿಲು, ವರಾಂಡ, ಲಾಕಪ್, ಅಧಿಕಾರಿಗಳ ಕೋಣೆ ಎಲ್ಲೆಡೆ ಕ್ಯಾಮೆರಾ ಇರಬೇಕು, ದೃಶ್ಯವನ್ನು 18 ತಿಂಗಳು, ಅದು ಸಾಧ್ಯವಾಗದಿದ್ದರೆ ಕನಿಷ್ಠ ಒಂದು ವರ್ಷ ಇಟ್ಟುಕೊಳ್ಳಬೇಕು ಅಂತ ಆದೇಶಿಸಿತು. ನೀವು ಕೂತಿದ್ದ ಆ ಬೆಂಚು ಯಾವುದೋ ಒಂದು ಕ್ಯಾಮೆರಾದಲ್ಲಿ ಇರಲೇಬೇಕು. ವಾಟ್ಸಾಪ್ ಮೆಸೇಜುಗಳನ್ನು ನೋಡಿ ತಾರೀಖು, ಹೋದ ಹೊತ್ತು, ಬಿಟ್ಟ ಹೊತ್ತು ಪಟ್ಟಿ ಮಾಡಿ. ಆ ಹೊತ್ತಿನ ದೃಶ್ಯ ಅಳಿಸಬೇಡಿ ಅಂತ ಠಾಣೆಯ ಮುಖ್ಯಸ್ಥರಾದ ಸೀನಿಯರ್ ಪಿಐಗೆ (ಪೊಲೀಸ್ ಇನ್‌ಸ್ಪೆಕ್ಟರ್) ಅರ್ಜಿ ಕೊಡಿ. ಜೊತೆಗೆ 10 ರೂಪಾಯಿ ಶುಲ್ಕದ ಮಾಹಿತಿ ಹಕ್ಕು ಅರ್ಜಿಯನ್ನೂ ಹಾಕಿ. ತನಿಖೆಗೆ ಅಡ್ಡಿ ಅಂತ ಹೇಳಿ ದೃಶ್ಯ ಕೊಡದೇ ಇರಬಹುದು, ಕ್ಯಾಮೆರಾ ಕೆಟ್ಟಿತ್ತು ಅನ್ನಬಹುದು. ಅನ್ನಲಿ, ಅದನ್ನೇ ಬರೆದು ಕೊಡಲಿ. ಆ ಉತ್ತರವೂ ಮುಂದೆ ಕೆಲಸಕ್ಕೆ ಬರುತ್ತದೆ. ತಡ ಮಾಡಿದರೆ ಮಾತ್ರ ಕಷ್ಟ, ಹಳೆಯ ದೃಶ್ಯದ ಮೇಲೆ ಹೊಸದು ಬಂದು ಕೂರುತ್ತದೆ.

ಆಮೇಲೆ ಲಿಖಿತ ದೂರು. ಮುಂಬೈಯಲ್ಲಿ ಸೀನಿಯರ್ ಪಿಐ ಮೇಲೆ ವಿಭಾಗದ ಎಸಿಪಿ, ಅವರ ಮೇಲೆ ವಲಯದ ಡಿಸಿಪಿ ಇರುತ್ತಾರೆ. ನನ್ನ ಸಲಹೆ: ಡಿಸಿಪಿ ಕಚೇರಿಗೆ ನೇರವಾಗಿ ಹೋಗಿ ಕೊಡಿ, ಎಸಿಪಿಗೂ ಸೀನಿಯರ್ ಪಿಐಗೂ ಪ್ರತಿ ಹಾಕಿ. ಬಂದ ಕಾಗದ ತೆಗೆದುಕೊಳ್ಳುವ ಆವಕ್ ಕ್ಲರ್ಕ್ ಹತ್ತಿರ ನಿಮ್ಮ ಪ್ರತಿಯ ಮೇಲೆ ಶಿಕ್ಕಾ (ಮೊಹರು) ಒತ್ತಿಸಿ, ನಂಬರು, ತಾರೀಖು ಬರೆಸಿಕೊಂಡೇ ಹೊರಡಿ. 'ಸುಮ್ನೆ ಇಟ್ಟು ಹೋಗಿ, ಸಾಹೇಬರಿಗೆ ತೋರಿಸ್ತೀವಿ' ಅಂದರೆ ಇಡಬೇಡಿ, ಸ್ಪೀಡ್ ಪೋಸ್ಟ್ ಮಾಡಿ. ಎಷ್ಟೋ ಪ್ರಕರಣ ಇಲ್ಲಿಗೇ ಮುಗಿಯುತ್ತದೆ. ಡಿಸಿಪಿ ಕಚೇರಿಯಿಂದ ಒಂದು ವಿವರಣೆ ಕೇಳಿದರೆ ಕೆಳಗಿನವರ ವಾಟ್ಸಾಪ್ ತಣ್ಣಗಾಗುತ್ತದೆ.

ಆಗದಿದ್ದರೆ ಹೊರಗಿನ ದಾರಿಗಳಿವೆ. ಪೊಲೀಸ್ ದೂರು ಪ್ರಾಧಿಕಾರ ಇರಬೇಕು ಅಂತ ಸುಪ್ರೀಂ ಕೋರ್ಟ್ 2006ರ ಪ್ರಕಾಶ್ ಸಿಂಗ್ ತೀರ್ಪಿನಲ್ಲಿ ಹೇಳಿತ್ತು. ಮಹಾರಾಷ್ಟ್ರ 2014ರಲ್ಲಿ ಪೊಲೀಸ್ ಕಾಯ್ದೆಗೆ ತಿದ್ದುಪಡಿ ತಂದು ರಾಜ್ಯ ಮಟ್ಟದಲ್ಲೂ ವಿಭಾಗ ಮಟ್ಟದಲ್ಲೂ ಇದಕ್ಕೆ ಜಾಗ ಮಾಡಿತು. ಕಸ್ಟಡಿ ಸಾವು, ತೀವ್ರ ಗಾಯ, ಅಕ್ರಮ ಬಂಧನ, ಸುಲಿಗೆ, ಅಧಿಕಾರದ ದುರುಪಯೋಗ ಇಂಥವನ್ನು ಅದು ನೋಡುತ್ತದೆ. ನಿಮ್ಮನ್ನು ಕಾಗದವಿಲ್ಲದೆ ರಾತ್ರಿಯವರೆಗೆ ಕೂರಿಸಿದ್ದು, ಹೆಂಡತಿಯನ್ನು ಕರೆಸಿದ್ದು ಅಧಿಕಾರದ ದುರುಪಯೋಗದಲ್ಲಿ ಸೇರುತ್ತದೆ. ಮಹಾರಾಷ್ಟ್ರ ಮಾನವ ಹಕ್ಕುಗಳ ಆಯೋಗದ ಕಚೇರಿ ಸಿಎಸ್‌ಎಂಟಿ ರೈಲು ನಿಲ್ದಾಣದ ಹತ್ತಿರವೇ ಇದೆ. ಅಲ್ಲಿಗೆ ದೂರು ಕೊಡಲು ಘಟನೆ ನಡೆದು ಒಂದು ವರ್ಷದೊಳಗೆ ಅವಕಾಶ. ಪೊಲೀಸರು ದುಡ್ಡು ಕೇಳಿದ್ದರೆ ಅದು ಭ್ರಷ್ಟಾಚಾರ ನಿಗ್ರಹ ದಳದ (ಎಸಿಬಿ) ವಿಷಯ, ಮಹಾರಾಷ್ಟ್ರದಲ್ಲಿ 1064ಕ್ಕೆ ಫೋನ್ ಮಾಡಬಹುದು. ಕೊಡುವ ಮೊದಲು ಮಾಡಬೇಕು, ಕೊಟ್ಟ ಮೇಲಲ್ಲ.

ಎಲ್ಲ ಕಡೆಗೂ ಒಂದೇ ದಿನ ಇಪ್ಪತ್ತು ಪ್ರತಿ ಕಳಿಸುವವರಿದ್ದಾರೆ, ಮಂತ್ರಿಗಳಿಗೂ ಸೇರಿಸಿ. ನನಗೆ ಅದು ಹಿಡಿಸುವುದಿಲ್ಲ. ಪ್ರತಿಯೊಬ್ಬರೂ ಇನ್ನೊಬ್ಬರು ನೋಡಿಕೊಳ್ಳುತ್ತಾರೆ ಅಂತ ಸುಮ್ಮನಾಗುತ್ತಾರೆ. ಒಂದು ಕಡೆ ಕೊಡಿ, ಸಮಯ ಕೊಡಿ, ಆಗದಿದ್ದರೆ ಮುಂದಿನ ಮೆಟ್ಟಿಲು ಹತ್ತಿ. ಆದರೆ ಗಡಿಯಾರದ ಮೇಲೂ ಕಣ್ಣಿರಲಿ. ಮಹಾರಾಷ್ಟ್ರ ಪೊಲೀಸ್ ಕಾಯ್ದೆಯ 161ನೇ ಸೆಕ್ಷನ್ ಪ್ರಕಾರ, ಕರ್ತವ್ಯದ ಹೆಸರಿನಲ್ಲಿ ಮಾಡಿದ ತಪ್ಪಿಗೆ ಪೊಲೀಸರ ಮೇಲೆ ಕೋರ್ಟಿಗೆ ಹೋಗುವುದಿದ್ದರೆ 6 ತಿಂಗಳೊಳಗೆ ಹೋಗಬೇಕು. ಕ್ರಿಮಿನಲ್ ಕೇಸಿಗೆ ಸರ್ಕಾರದ ಅನುಮತಿ ಪಡೆದರೆ 2 ವರ್ಷ. ಇದು ಗೊತ್ತಿಲ್ಲದೆ ಆಯೋಗದ ಉತ್ತರಕ್ಕೆ ಕಾದು ಕೂತು, ಕೋರ್ಟಿನ ಬಾಗಿಲು ಮುಚ್ಚಿಸಿಕೊಂಡವರು ಬಹಳ ಜನ.

ಕೋರ್ಟಿಗೆ ಹೋಗುವುದು ಅಂದರೆ ಮ್ಯಾಜಿಸ್ಟ್ರೇಟರ ಮುಂದೆ ಖಾಸಗಿ ದೂರು. ಇಲ್ಲಿ ನಿಮ್ಮ ಎರಡು ಪ್ರಶ್ನೆಗಳು ಒಂದಕ್ಕೊಂದು ತಾಗುತ್ತವೆ. ಪೊಲೀಸರ ವಿರುದ್ಧ ನೀವು ದೂರು ಕೊಟ್ಟರೆ ನಿಮಗೂ ಸಾಕ್ಷಿ ಬೇಕು. ಸಾಕ್ಷಿಗಳ ಪಟ್ಟಿ ಕೊಡದೆ ಎದುರಾಳಿಗೆ ಸಮನ್ಸ್ ಹೊರಡುವುದೇ ಇಲ್ಲ. ಹೊಸ ಕಾನೂನಿನಲ್ಲಿ ಸರ್ಕಾರಿ ನೌಕರನ ಮೇಲಿನ ದೂರನ್ನು ಕೈಗೆತ್ತಿಕೊಳ್ಳುವ ಮೊದಲು ಅವನ ಮಾತನ್ನೂ ಕೇಳಬೇಕು, ಮೇಲಧಿಕಾರಿಯ ವರದಿಯನ್ನೂ ತರಿಸಬೇಕು. ಅಂದರೆ ನಿಮ್ಮ ಬಳಿ ಗಟ್ಟಿ ಆಧಾರ ಇರಲೇಬೇಕು. ಹೆಂಡತಿ ಒಬ್ಬಳು ಸಾಕ್ಷಿ ಆದಳು. ಆಕೆಯನ್ನು ಸ್ಟೇಷನ್ನಿಗೆ ಬಿಟ್ಟು ಬಂದ ರಿಕ್ಷಾದವನು? ಎದುರಿನ ಪಾನ್ ಅಂಗಡಿಯವನು? ಅವರು 'ಪೊಲೀಸ್ ಉಸಾಬರಿ ಬೇಡ ಅಣ್ಣ' ಅನ್ನುತ್ತಾರೆ. ನೀವು ಈಗ ಅನ್ನುತ್ತಿರುವುದೂ ಅದನ್ನೇ ಅಲ್ವಾ?

ಅವರನ್ನು ಕೋರ್ಟ್ ಮೂಲಕ ಕರೆಸಬಹುದು. ಸಾಕ್ಷಿಗೆ ಸಮನ್ಸ್ ಕೊಡಿ ಅಂತ ನಿಮ್ಮ ವಕೀಲರು ಅರ್ಜಿ ಹಾಕಿದರೆ ಮ್ಯಾಜಿಸ್ಟ್ರೇಟರು ಕೊಡಬಹುದು. ಸಾಕ್ಷಿಯ ಖರ್ಚನ್ನು ಮೊದಲೇ ಕಟ್ಟಿ ಅಂತಲೂ ಹೇಳಬಹುದು. ಠಾಣೆಯ ಡೈರಿ, ಸಿಸಿಟಿವಿ ದೃಶ್ಯ ತರಿಸಲೂ ಕೋರ್ಟಿಗೆ ಅಧಿಕಾರವಿದೆ. ಹೆದರಿದ ಸಾಕ್ಷಿಗೆ ಸಮನ್ಸ್ ಒಂದು ಆಸರೆ ಅನ್ನುವುದು ಜನರಿಗೆ ಹೊಳೆಯುವುದಿಲ್ಲ. 'ನಾನಾಗಿ ಬರಲಿಲ್ಲ, ಕೋರ್ಟ್ ಕರೆಸಿತು, ಬರದಿದ್ದರೆ ವಾರಂಟ್' ಅಂತ ಅವನು ಯಾರ ಮುಂದೆ ಬೇಕಾದರೂ ಹೇಳಬಹುದು. ಪೊಲೀಸರ ಮುಂದೆಯೂ, ಓಣಿಯ ದಾದಾಗಳ ಮುಂದೆಯೂ. ಚಹಾ ಕುಡಿದು ಮುಖ ನೋಡಿ ಹೋಗುವ ಹುಡುಗರಿಗೆ ನೀವೂ ಇದೇ ಮಾತು ಹೇಳಬಹುದು.

ಆ ಹುಡುಗರ ವಿಷಯ ಹಗುರವಾಗಿ ತೆಗೆದುಕೊಳ್ಳಬೇಡಿ. ಅವರು ಬಂದ ದಿನದ ಹೋಟೆಲಿನ ಸಿಸಿಟಿವಿ ದೃಶ್ಯ ಪೆನ್‌ಡ್ರೈವ್‌ಗೆ ಹಾಕಿಡಿ. ಬಾಯಿಬಿಟ್ಟು ಏನಾದರೂ ಹೇಳಿದರೆ, 'ಕೋರ್ಟಿನಲ್ಲಿ ಗೊತ್ತಿಲ್ಲ ಅನ್ನು' ಅಂತ ಬೆದರಿಸಿದರೆ, ಅದು ನ್ಯಾಯ ಸಂಹಿತೆಯ 232ನೇ ಸೆಕ್ಷನ್ನಿನಲ್ಲಿ ಪ್ರತ್ಯೇಕ ಅಪರಾಧ. ಸರ್ಕಾರಿ ವಕೀಲರಿಗೆ ತಿಳಿಸಿದರೆ ಆರೋಪಿಗಳ ಜಾಮೀನು ರದ್ದು ಮಾಡಿಸಲು ಅರ್ಜಿ ಹಾಕಬಹುದು. 2018ರಲ್ಲಿ ಮಹೇಂದರ್ ಚಾವ್ಲಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಪ್ಪಿದ ಸಾಕ್ಷಿ ರಕ್ಷಣಾ ಯೋಜನೆಯೂ ಇದೆ. ಜಿಲ್ಲಾ ನ್ಯಾಯಾಧೀಶರ ನೇತೃತ್ವದ ಸಮಿತಿಗೆ ಅರ್ಜಿ ಕೊಟ್ಟರೆ ಎಸಿಪಿಯಿಂದ ಬೆದರಿಕೆಯ ವರದಿ ತರಿಸಿ ತೀರ್ಮಾನಿಸುತ್ತಾರೆ.

ಈಗ ನಿಮ್ಮ ಸಮನ್ಸ್. ಹೋಗದಿದ್ದರೆ ಏನಾಗುತ್ತದೆ ಅಂದರೆ, ಸಮನ್ಸ್ ಸರಿಯಾಗಿ ತಲುಪಿದೆ, ಬಾರದಿರಲು ಸರಿಯಾದ ಕಾರಣವಿಲ್ಲ ಅಂತ ಕಂಡರೆ ಕೋರ್ಟ್ ವಾರಂಟ್ ಹೊರಡಿಸಬಹುದು. ಸಾಮಾನ್ಯವಾಗಿ ಮೊದಲು ಜಾಮೀನು ಸಿಗುವ ವಾರಂಟ್. ಅದರ ಮೇಲೆ ಮೊತ್ತ ಬರೆದಿರುತ್ತದೆ. ವಾರಂಟ್ ತಂದ ಪೊಲೀಸರ ಮುಂದೆಯೇ ಆ ಮೊತ್ತದ ಮುಚ್ಚಳಿಕೆ, ಕೇಳಿದಷ್ಟು ಜಾಮೀನು ಕೊಟ್ಟರೆ ನಿಮ್ಮನ್ನು ಬಿಡಬೇಕು, ಲಾಕಪ್ಪಿಗೆ ಹಾಕುವಂತಿಲ್ಲ. ಅದಕ್ಕೂ ಬರದಿದ್ದರೆ ಜಾಮೀನಿಲ್ಲದ ವಾರಂಟ್. ಆಗ ಹಿಡಿದುಕೊಂಡೇ ಹೋಗಿ ಕೋರ್ಟಿನ ಮುಂದೆ ನಿಲ್ಲಿಸುತ್ತಾರೆ. ಇದರ ಜೊತೆ ಬಾರದ ಸಾಕ್ಷಿಗೆ ಅದೇ ಕೋರ್ಟ್ ಕಾರಣ ಕೇಳಿ 500 ರೂಪಾಯಿವರೆಗೆ ದಂಡ ಹಾಕಬಹುದು. ಇನ್ನೂ ಬಿಗಿ ಮಾಡಬೇಕೆನಿಸಿದರೆ ನ್ಯಾಯ ಸಂಹಿತೆಯ 208ನೇ ಸೆಕ್ಷನ್ನಿನಲ್ಲಿ 6 ತಿಂಗಳವರೆಗೆ ಸಾದಾ ಸಜೆ, 10,000 ರೂಪಾಯಿವರೆಗೆ ದಂಡ ಇದೆ. ಅಷ್ಟು ದೂರ ಹೋಗುವುದು ಅಪರೂಪ. ಜ್ವರ ಬಂತು, ಊರಿನಲ್ಲಿ ಸಾವಾಯಿತು, ಅಂಥ ಕಾರಣವಿದ್ದರೆ ತಾರೀಖಿಗೆ ಮೊದಲೇ ಸರ್ಕಾರಿ ವಕೀಲರ ಮೂಲಕ ಅರ್ಜಿ ಕೊಡಿ. ವಾರಂಟ್ ಬಂದೇಬಿಟ್ಟರೆ ಓಡಾಡಬೇಡಿ, ನೀವಾಗಿ ಹೋಗಿ ರದ್ದು ಮಾಡಿ ಅಂತ ಅರ್ಜಿ ಹಾಕಿ. ತಾವಾಗಿ ಬಂದ ಸಾಕ್ಷಿಯ ಮೇಲೆ ಕೋರ್ಟ್ ಮುನಿಸಿಕೊಳ್ಳುವುದು ಕಡಿಮೆ.

ಅಂಧೇರಿ ಕೋರ್ಟಿಗೆ ಬೆಳಗ್ಗೆ ಬೇಗ ಹೋಗಿ. ನಿಮ್ಮ ಠಾಣೆಯ ಕೋರ್ಟ್ ಕಾರ್ಕೂನ್, ಅಂದರೆ ಠಾಣೆಯ ಪರವಾಗಿ ಕೋರ್ಟಿನ ಕೆಲಸ ನೋಡಿಕೊಳ್ಳುವ ಪೊಲೀಸ್, ಅಲ್ಲಿರುತ್ತಾರೆ, ಅವರಿಗೆ ಮುಖ ತೋರಿಸಿ. ಬೆಂಚ್ ಕ್ಲರ್ಕ್‌ಗೆ ಸಮನ್ಸ್ ಕೊಟ್ಟು ಹಾಜರಿ ಬರೆಸಿ. ಸಾಕ್ಷಿ ಬಂದು ಕೂತಿರುವಾಗ ಅವರ ಹೇಳಿಕೆ ತೆಗೆದುಕೊಳ್ಳದೆ ಕೇಸು ಮುಂದೂಡಬಾರದು, ಮುಂದೂಡಿದರೆ ವಿಶೇಷ ಕಾರಣ ಬರೆಯಬೇಕು ಅಂತ ಕಾನೂನಿದೆ. ಆದರೂ ಆರೋಪಿ ಕಡೆಯ ವಕೀಲರು ಬಂದಿಲ್ಲ ಅಂತ ವಾಪಸ್ ಕಳಿಸುವುದು ನಡೆಯುತ್ತದೆ. ದಿನವಿಡೀ ಕಾಯುವ ಸಾಕ್ಷಿಗೆ ಕೂರಲು ಜಾಗವಿಲ್ಲ, ಕುಡಿಯಲು ನೀರಿಲ್ಲ ಅಂತ ಸುಪ್ರೀಂ ಕೋರ್ಟೇ 2000ರಲ್ಲಿ ಸ್ವರಣ್ ಸಿಂಗ್ ಪ್ರಕರಣದಲ್ಲಿ ಮರುಗಿತ್ತು. ಜಾಸ್ತಿ ಬದಲಾಗಿದೆ ಅನ್ನಲಾರೆ. ನೀರಿನ ಬಾಟಲಿ ಒಯ್ಯಿರಿ. ವಾಪಸ್ ಕಳಿಸಿದರೆ ಬಂದದ್ದಕ್ಕೆ ಹಾಜರಾತಿ ಚೀಟಿ ಕೇಳಿ, ಸಾಕ್ಷಿ ಭತ್ಯೆಯನ್ನೂ ಕೇಳಿ. ಮೊತ್ತ ನೋಡಿದರೆ ನಗು ಬರಬಹುದು, ಆದರೆ ಅದು ಸಿಗಬೇಕಾದದ್ದು.

ಮರಾಠಿ, ಹಿಂದಿ ಬಾರದಿದ್ದರೆ, ಅಥವಾ ಬಂದರೂ ಕನ್ನಡದಲ್ಲೇ ಹೇಳುವುದು ಸುಲಭ ಅನ್ನಿಸಿದರೆ, ಮೊದಲೇ ಹೇಳಿ, ದುಭಾಷಿ ಇಡಬಹುದು. ಹೋಟೆಲಿನ ಹಿಂದಿಯಲ್ಲಿ ಪಾಟೀ ಸವಾಲಿಗೆ ಉತ್ತರ ಕೊಡಲು ಹೋಗಿ ಸಿಕ್ಕಿಹಾಕಿಕೊಂಡವರನ್ನು ನೋಡಿದ್ದೇನೆ. ನಿಮ್ಮ ಹೇಳಿಕೆಯನ್ನು ಬೇರೆ ಭಾಷೆಯಲ್ಲಿ ಬರೆದಿದ್ದರೆ ನಿಮಗೆ ಅರ್ಥವಾಗುವ ಭಾಷೆಯಲ್ಲಿ ತಿಳಿಸಿದ ಮೇಲೆಯೇ ಸಹಿ. ಇಲ್ಲಿ ಸಹಿ ಕೇಳಿದರೆ ಹಾಕಬಹುದು, ಪೊಲೀಸ್ ಜಬಾಬ್‌ಗೂ ಇದಕ್ಕೂ ಇರುವ ವ್ಯತ್ಯಾಸ ಅದು.

ವೇಟರ್ ಹುಡುಗನನ್ನು ಹುಡುಕಿ ತರುವುದು ನಿಮ್ಮ ಕೆಲಸವಲ್ಲ. ಅವನು ಬಾರದಿದ್ದಕ್ಕೆ ನಿಮ್ಮ ಮೇಲೆ ವಾರಂಟ್ ಬರುವುದೂ ಇಲ್ಲ. ಯಾರಿಗೆ ಸಮನ್ಸ್ ತಲುಪಿತೋ ಅವರು ಬಾರದಿದ್ದರೆ ಅವರ ಹೆಸರಿಗೇ ವಾರಂಟ್, ಅದನ್ನು ಹೊರಡಿಸುವುದು ಕೋರ್ಟ್, ಕಾನ್‌ಸ್ಟೇಬಲ್ ಅಲ್ಲ. ಅವನ ಸಮನ್ಸನ್ನು ನೀವು ಸಹಿ ಹಾಕಿ ತೆಗೆದುಕೊಳ್ಳಲೇಬೇಡಿ. ಆಸಾಮಿ ಸಿಗದಿದ್ದರೆ ಮನೆಯ ದೊಡ್ಡವರಿಗೆ ಕೊಡಬಹುದು ಅಂತ ಕಾನೂನಿದೆ, ಅವನು ಬಿಟ್ಟುಹೋದ ಹೋಟೆಲಿನ ಕ್ಯಾಶಿಯರ್‌ಗೆ ಕೊಡಬಹುದು ಅಂತಿಲ್ಲ. 'ಈತ ಈಗ ಇಲ್ಲಿ ಕೆಲಸದಲ್ಲಿಲ್ಲ, ಗೊತ್ತಿರುವ ಊರಿನ ವಿಳಾಸ ಇದು' ಅಂತ ಬರೆದು ಕೊಡಿ. ಮುಂಬೈ ಕೋರ್ಟ್ ಆ ಸಮನ್ಸನ್ನು ಅಲ್ಲಿನ ಮ್ಯಾಜಿಸ್ಟ್ರೇಟರ ಮೂಲಕ ತಲುಪಿಸುತ್ತದೆ.

ಆದರೂ ಅವನಿಗೊಂದು ಫೋನ್ ಮಾಡಿ. ಪೆಟ್ಟು ತಿಂದವನೇ ಬಾರದಿದ್ದರೆ ಕೇಸಿನ ಸೊಂಟ ಮುರಿದ ಹಾಗೆ. ಮುಂಬೈಗೆ ಬರಲು ಹೆದರಿಕೆ ಅಥವಾ ದುಡ್ಡಿನ ತೊಂದರೆ ಇದ್ದರೆ ಅವನ ಊರಿನ ಕಡೆಯ ಕೋರ್ಟಿನಿಂದ ವಿಡಿಯೊ ಮೂಲಕ ಸಾಕ್ಷಿ ಹೇಳಲು ಬಿಡಿ ಅಂತ ಸರ್ಕಾರಿ ವಕೀಲರ ಮೂಲಕ ಕೇಳಬಹುದು. ಹೊಸ ಕಾನೂನು ಇದನ್ನು ಬಿಡಿಸಿ ಹೇಳಿದೆ. ಹಾಗೆ ನೋಡಿದರೆ ಮುಂಬೈಗೆ ಇದು ಹೊಸದೂ ಅಲ್ಲ. ಇಲ್ಲಿನದೇ ಪ್ರಫುಲ್ ದೇಸಾಯಿ ಪ್ರಕರಣದಲ್ಲಿ, ಸಾಕ್ಷಿ ಹೇಳಲು ಒಪ್ಪಿ ಭಾರತಕ್ಕೆ ಬರಲು ಮಾತ್ರ ಒಲ್ಲೆ ಅಂದ ಅಮೆರಿಕದ ವೈದ್ಯರ ಸಾಕ್ಷ್ಯವನ್ನು ವಿಡಿಯೊದಲ್ಲಿ ಪಡೆಯಬಹುದು ಅಂತ ಸುಪ್ರೀಂ ಕೋರ್ಟ್ 2003ರಲ್ಲೇ ಹೇಳಿತ್ತು. ಅಮೆರಿಕದಿಂದ ಆಗುವುದಾದರೆ ಅವನ ಊರಿನಿಂದ ಆಗದೇ? ಫೋನಿನಲ್ಲಿ ಏನು ಹೇಳಬೇಕು ಅಂತ ಮಾತ್ರ ಪಾಠ ಮಾಡಬೇಡಿ. 'ನೀವಿಬ್ಬರೂ ಮಾತಾಡಿಕೊಂಡು ಬಂದಿದ್ದೀರಿ' ಅನ್ನುವುದು ಎದುರಾಳಿ ವಕೀಲರ ಮೊದಲ ಪ್ರಶ್ನೆಗಳಲ್ಲಿ ಒಂದು.

ಕೊನೆಯದಾಗಿ ದೂರಿನ ಭಾಷೆಯ ಬಗ್ಗೆ. ಪೊಲೀಸರ ವಿರುದ್ಧ ನೀವು ಬರೆದ ದೂರು ಆರೋಪಿಗಳ ವಕೀಲರ ಕೈಗೂ ಸಿಗಬಹುದು ಅಂತ ತಿಳಿದೇ ಬರೆಯಿರಿ. 'ಪೊಲೀಸರು ಒತ್ತಡ ಹಾಕಿ ನನ್ನಿಂದ ಏನೇನೋ ಹೇಳಿಸಿದರು' ಅಂತ ಸಿಟ್ಟಿನಲ್ಲಿ ಬರೆದರೆ, ಪಾಟೀ ಸವಾಲಿನಲ್ಲಿ ಅದನ್ನೇ ಎದುರಿಗೆ ಹಿಡಿದು, ನಿಮ್ಮ ಜಬಾಬ್ ಒತ್ತಡದ್ದು ಅಂತ ಸಾಧಿಸುತ್ತಾರೆ. ಅಲ್ಲಿಗೆ ಆ ಹುಡುಗನ ಕೇಸೂ ಹೋಯಿತು. ನಡೆದದ್ದನ್ನಷ್ಟೇ ಬರೆಯಿರಿ: ಘಟನೆಯ ದಿನವೇ ನಾನು ನೋಡಿದ್ದನ್ನು ನೋಡಿದ ಹಾಗೆ ಹೇಳಿದ್ದೇನೆ, ಆ ಹೇಳಿಕೆಗೆ ಬದ್ಧನಿದ್ದೇನೆ. ಆಮೇಲೆ ಇಂಥಿಂಥ ದಿನ ಲಿಖಿತ ನೋಟಿಸ್ ಇಲ್ಲದೆ ಕರೆಸಿ ಇಷ್ಟು ಹೊತ್ತು ಕೂರಿಸಿದ್ದಾರೆ, ನನ್ನ ಹೆಂಡತಿಯನ್ನು ಇಂಥ ದಿನ ಠಾಣೆಗೆ ಕರೆಸಿದ್ದಾರೆ, ನನ್ನ ದೂರು ಇದರ ಬಗ್ಗೆ ಮಾತ್ರ. ಸಾಧ್ಯವಾದರೆ ನಿಮ್ಮ ಸಾಕ್ಷಿಯ ತಾರೀಖಿಗೆ ಮುಂಚೆಯೇ ಇದನ್ನು ಡಿಸಿಪಿ ಕಚೇರಿಗೆ ಕೊಟ್ಟುಬಿಡಿ. ಅದರ ಒಂದು ಪ್ರತಿಯನ್ನು ಸರ್ಕಾರಿ ವಕೀಲರ ಕೈಗೂ ಕೊಟ್ಟಿರಿ. ಎದುರಾಳಿ ವಕೀಲರು ಆ ಕಾಗದ ತೆಗೆದರೆ ಸರ್ಕಾರಿ ವಕೀಲರಿಗೆ ಅದು ಮೊದಲೇ ಗೊತ್ತಿರಬೇಕು.